‘ತಿಳೀತಾ?’ ಅಂದ್ರೆ ‘ಹೂಂ ರೀ’: ಪಾಠ ಮಾಡುವವರು ತಮ್ಮನ್ನೇ ಓದಿಕೊಳ್ಳುವುದು ಹೇಗೆ

ಸೆಮಿಸ್ಟರ್ ಮುಗಿಯುವ ಹೊತ್ತಿಗೆ ನಮ್ಮೆಲ್ಲರ ಮೊಬೈಲಿಗೂ ಒಂದು ಲಿಂಕ್ ಬರುತ್ತದೆ. ಫೀಡ್‌ಬ್ಯಾಕ್ ಫಾರ್ಮ್. ಪ್ರತಿ ವಿಷಯಕ್ಕೂ ಹತ್ತು ಹನ್ನೆರಡು ಪ್ರಶ್ನೆ, ಪ್ರತಿ ಪ್ರಶ್ನೆಗೂ ಐದು ಆಯ್ಕೆ. ಎಲ್ಲದಕ್ಕೂ ಒಂದೇ ಕಾಲಮ್ಮಿನಲ್ಲಿ ಟಿಕ್ ಹಾಕಿ ಎರಡು ನಿಮಿಷದಲ್ಲಿ ಕ್ಯಾಂಟೀನ್ ಸೇರಿದವರ ಹೆಸರು ಇಲ್ಲಿ ಬರೆಯುವುದಿಲ್ಲ, ಬರೆದರೆ ನಮ್ಮ ಹೆಸರೇ ಮೊದಲು ಬರಬೇಕಾಗುತ್ತದೆ. ಆ ಫಾರ್ಮ್ ನೋಡಿ ಪಾಠ ಮಾಡಿದವರಿಗೆ ಏನು ತಿಳಿಯುತ್ತದೆ? ತಮ್ಮ ಸರಾಸರಿ ಎಷ್ಟು ಅಂತ ತಿಳಿಯುತ್ತದೆ. ಯಾವ ದಿನ, ಎಷ್ಟನೇ ನಿಮಿಷಕ್ಕೆ ತರಗತಿ ಕೈತಪ್ಪಿತು, ಆ ನಿಮಿಷದಲ್ಲಿ ತಾವು ಏನು ಮಾಡುತ್ತಿದ್ದೆವು ಅನ್ನೋದು ಮಾತ್ರ ತಿಳಿಯುವುದಿಲ್ಲ.

ಅದನ್ನು ತಿಳಿದುಕೊಳ್ಳಲಿಕ್ಕೆ ಶಿಕ್ಷಣ ಕ್ಷೇತ್ರದಲ್ಲಿ ಒಂದು ಸಂಶೋಧನಾ ವಿಧಾನವೇ ಇದೆ. ಇಂಗ್ಲಿಷಿನಲ್ಲಿ ಸೆಲ್ಫ್ ಸ್ಟಡಿ ಅಂತಾರೆ. ನಮಗೆ ಸೆಲ್ಫ್ ಸ್ಟಡಿ ಅಂದ ಕೂಡಲೇ ನೆನಪಾಗುವುದು ಗೇಟ್ ಪರೀಕ್ಷೆಗೆ ಲೈಬ್ರರಿಯಲ್ಲಿ ಕೂತು ಓದುವುದು. ಇದು ಅದಲ್ಲ. ಇಲ್ಲಿ ಓದುವವರೂ ನಾವೇ, ಓದಿಸಿಕೊಳ್ಳುವ ವಸ್ತುವೂ ನಾವೇ. ಅದಕ್ಕೇ ಈ ಲೇಖನದಲ್ಲಿ ಸ್ವ-ಅಧ್ಯಯನ ಅನ್ನುತ್ತೇವೆ.

ನಮಗೆ ಇದರ ಸಂಗತಿ ಗೊತ್ತಾದದ್ದು ಪುಸ್ತಕದಿಂದಲ್ಲ, ಒಂದು ಪೇಚಿನಿಂದ. ನಾವು ನಾಲ್ವರು ಕೊಪ್ಪಳ ಜಿಲ್ಲೆಯವರು. ಒಬ್ಬಳು ಕೊಪ್ಪಳದವಳು, ಒಬ್ಬ ಗಂಗಾವತಿಯವನು, ಒಬ್ಬಳು ಕುಷ್ಟಗಿಯವಳು, ಒಬ್ಬ ಯಲಬುರ್ಗಾದವನು. ರಜೆಯಲ್ಲಿ ಊರಿಗೆ ಹೋದಾಗ ಎಸ್ಸೆಸ್ಸೆಲ್ಸಿ ಗಣಿತದಲ್ಲಿ ಉಳಿದುಕೊಂಡ ಓಣಿಯ ಮಕ್ಕಳಿಗೆ ಪಾಠ ಹೇಳೋಣ, ಎರಡನೇ ಪರೀಕ್ಷೆಗೆ ತಯಾರು ಮಾಡೋಣ ಅಂತ ಮಾತಾಡಿಕೊಂಡೆವು. ಗುಡಿಯ ಕಟ್ಟೆ, ಮನೆಯ ಪಡಸಾಲೆ, ಎಲ್ಲಿ ಜಾಗ ಸಿಕ್ಕಿತೋ ಅಲ್ಲಿ. ಸೆಮಿಸ್ಟರಿಗೆ ಒಂದರಂತೆ ಎಂಜಿನಿಯರಿಂಗ್ ಮ್ಯಾಥ್ಸ್ ಪಾಸು ಮಾಡಿದ ನಮಗೆ ಹತ್ತನೇ ಕ್ಲಾಸಿನ ಗಣಿತ ಏನು ಮಹಾ ಅನ್ನೋ ಧೈರ್ಯ ಬೇರೆ ಇತ್ತು.

ಮೊದಲ ವಾರ ಅದ್ಭುತವಾಗಿ ನಡೆಯಿತು ಅಂದುಕೊಂಡೆವು. ಬೋರ್ಡಿನ ಮೇಲೆ ಲೆಕ್ಕ ಬಿಡಿಸಿ ‘ತಿಳೀತಾ?’ ಅಂದರೆ ಎಲ್ಲರೂ ಒಟ್ಟಿಗೆ ‘ಹೂಂ ರೀ ಸರ್’. ಶನಿವಾರ ಅದೇ ಲೆಕ್ಕದ ಅಂಕಿ ಬದಲಿಸಿ ಕೊಟ್ಟೆವು. ನಾಲ್ಕೂ ಊರಿನಲ್ಲಿ ಹೆಚ್ಚುಕಡಿಮೆ ಒಂದೇ ಕಥೆ: ಅರ್ಧಕ್ಕಿಂತ ಹೆಚ್ಚು ಹಾಳೆ ಖಾಲಿ. ಆ ರಾತ್ರಿ ಗ್ರೂಪ್ ಕಾಲಿನಲ್ಲಿ ನಾವು ಮಾತಾಡಿದ್ದು ಪೂರಾ ಮಕ್ಕಳ ಬಗ್ಗೆ. ಬೇಸಿಕ್ ಇಲ್ಲ, ಮಗ್ಗಿ ಬರಲ್ಲ, ಮನೆಯಲ್ಲಿ ಓದಲ್ಲ. ಕೊನೆಗೆ ಕುಷ್ಟಗಿಯವಳು ಒಂದು ಮಾತು ಕೇಳಿದಳು: ಇದು ಕೋಡ್ ಆಗಿದ್ದರೆ ಯೂಸರ್ ಸರಿಯಿಲ್ಲ ಅಂತ ಬಿಡ್ತಿದ್ದೆವಾ, ಲಾಗ್ ತೆಗೆದು ನೋಡ್ತಿದ್ದೆವಾ?

ಲಾಗ್ ತೆಗೆಯಲು ಮೊದಲು ಲಾಗ್ ಇರಬೇಕಲ್ಲ. ಮಕ್ಕಳಿಗೆ ಹೇಳಿ, ಅವರ ಮನೆಯವರನ್ನು ಕೇಳಿ, ಸೋಮವಾರದಿಂದ ಮೊಬೈಲಿನಲ್ಲಿ ಪಾಠದ ಧ್ವನಿ ರೆಕಾರ್ಡ್ ಮಾಡತೊಡಗಿದೆವು. ವಿಡಿಯೊ ಬೇಡ ಅಂತ ಮೊದಲೇ ತೀರ್ಮಾನಿಸಿದ್ದೆವು, ಕ್ಯಾಮೆರಾ ಕಂಡರೆ ಮಕ್ಕಳು ಮಕ್ಕಳಾಗಿ ಇರುವುದಿಲ್ಲ. ನಮ್ಮ ನಾಲ್ವರ ಆಚೆಗೆ ಆ ಫೈಲ್ ಹೋಗಬಾರದು, ರಜೆ ಮುಗಿದ ಮೇಲೆ ಅಳಿಸಬೇಕು ಅನ್ನುವುದು ಒಪ್ಪಂದ.

ತಮ್ಮ ದನಿಯನ್ನು ತಾವೇ ಕೇಳಿದವರಿಗೆ ಗೊತ್ತು, ಅದೊಂದು ಶಿಕ್ಷೆ. ಆದರೆ ದನಿಗಿಂತ ಹೆಚ್ಚು ಚುಚ್ಚಿದ್ದು ಬೇರೆ. ನಲವತ್ತು ನಿಮಿಷದ ಪಾಠದಲ್ಲಿ ಮಕ್ಕಳು ‘ಹೂಂ ರೀ’ ಬಿಟ್ಟು ಬೇರೆ ಮಾತಾಡಿದ್ದನ್ನು ಬೆರಳಲ್ಲಿ ಎಣಿಸಬಹುದಿತ್ತು. ಪ್ರಶ್ನೆ ಕೇಳಿ ಉಸಿರು ಬಿಡುವುದರೊಳಗೆ ನಾವೇ ಉತ್ತರ ಹೇಳಿಬಿಡುತ್ತಿದ್ದೆವು. ‘ಸಾಮಾನ್ಯ ವ್ಯತ್ಯಾಸ ಎಷ್ಟು? ಮೂರು ಅಲ್ವಾ? ಹಾಂ, ಮೂರು. ಮುಂದ ಹೋಗೋಣ.’ ಅದೂ ಒಮ್ಮೆ ಸಾಮಾನ್ಯ ವ್ಯತ್ಯಾಸ, ಒಮ್ಮೆ ಕಾಮನ್ ಡಿಫರೆನ್ಸ್, ಒಮ್ಮೆ ಬರೀ ‘ಡಿ’. ಕನ್ನಡ ಮಾಧ್ಯಮದ ಮಗುವಿಗೆ ಇವು ಮೂರೂ ಒಂದೇ ಅಂತ ಯಾರೂ ಹೇಳಿರಲಿಲ್ಲ. ನಾವೂ ಹೇಳಿರಲಿಲ್ಲ.

ಈ ಅವಸರ ನಮ್ಮದೊಬ್ಬರದೇ ಅಲ್ಲ ಅಂತ ಆಮೇಲೆ ಓದಿ ತಿಳಿಯಿತು. ಅಮೆರಿಕದ ಮೇರಿ ಬಡ್ ರೋ ಅನ್ನೋ ವಿಜ್ಞಾನ ಶಿಕ್ಷಣ ತಜ್ಞೆ 1970ರ ದಶಕದಲ್ಲಿ ತರಗತಿಗಳ ಧ್ವನಿಮುದ್ರಣ ಹಿಡಿದು ಕೂತು ಅಳೆದಿದ್ದರು. ಪ್ರಶ್ನೆ ಕೇಳಿದ ಮೇಲೆ ಶಿಕ್ಷಕರು ಉತ್ತರಕ್ಕಾಗಿ ಕಾಯುವುದು ಸರಾಸರಿ ಒಂದು ಸೆಕೆಂಡಿನಷ್ಟು. ಅದನ್ನು 3 ಸೆಕೆಂಡಿಗೆ ಏರಿಸಿದರೆ ಮಕ್ಕಳ ಉತ್ತರ ಉದ್ದವಾಗುತ್ತದೆ, ಸುಮ್ಮನೆ ಕೂರುತ್ತಿದ್ದವರೂ ಬಾಯಿ ಬಿಡುತ್ತಾರೆ, ಮಕ್ಕಳೇ ಪ್ರಶ್ನೆ ಕೇಳತೊಡಗುತ್ತಾರೆ. ಮೂರು ಸೆಕೆಂಡ್ ಏನು ದೊಡ್ಡದು ಅನಿಸಬಹುದು. ಹದಿನೈದು ಜನರ ಮುಂದೆ ನಿಂತು ಬಾಯಿ ಮುಚ್ಚಿಕೊಂಡು ಮನಸ್ಸಿನಲ್ಲಿ ಮೂರು ಎಣಿಸಿ ನೋಡಿ, ಆಮೇಲೆ ಹೇಳಿ.

ಇನ್ನೊಬ್ಬರ ಕಥೆಯಂತೂ ನಮ್ಮದೇ ಅನಿಸಿತು. ಜ್ಯಾಕ್ ವೈಟ್‌ಹೆಡ್ ಅಂತ, 1970ರ ದಶಕದ ಆರಂಭದಲ್ಲಿ ಲಂಡನ್ನಿನ ಶಾಲೆಯೊಂದರಲ್ಲಿ ವಿಜ್ಞಾನ ಕಲಿಸುತ್ತಿದ್ದರು. ಮಕ್ಕಳೇ ಪ್ರಶ್ನೆ ಎತ್ತಿ, ಹುಡುಕಿ ಕಲಿಯುವ ತರಗತಿ ತಮ್ಮದು ಅನ್ನುವುದು ಅವರ ನಂಬಿಕೆ. ತಮ್ಮ ಪಾಠದ ವಿಡಿಯೊ ನೋಡಿದಾಗ ಕಂಡದ್ದು, ಪ್ರಶ್ನೆಗಳನ್ನೆಲ್ಲ ಮಕ್ಕಳ ಕೈಗೆ ಕೊಡುತ್ತಿದ್ದವರು ಅವರೇ. ನಂಬುವುದೊಂದು, ಮಾಡುವುದೊಂದು, ಎರಡೂ ಒಂದೇ ದೇಹದಲ್ಲಿ. ಮುಂದೆ ಬಾತ್ ವಿಶ್ವವಿದ್ಯಾಲಯಕ್ಕೆ ಹೋದ ಅವರು 1989ರ ಒಂದು ಲೇಖನದಲ್ಲಿ ಈ ಸ್ಥಿತಿಯನ್ನು ಜೀವಂತ ವೈರುಧ್ಯ ಅಂತ ಕರೆದರು. ನನ್ನ ಕೆಲಸವನ್ನು ನಾನು ಹೇಗೆ ಸುಧಾರಿಸಿಕೊಳ್ಳಲಿ ಅನ್ನೋ ಪ್ರಶ್ನೆಯಿಂದಲೇ ಸಂಶೋಧನೆ ಶುರುವಾಗಬಹುದು ಅನ್ನುವುದು ಅವರ ವಾದ.

ಆದರೆ ಸ್ವ-ಅಧ್ಯಯನ ಅನ್ನೋ ಹೆಸರಿಟ್ಟುಕೊಂಡು ಇದನ್ನು ಒಂದು ಕ್ಷೇತ್ರವಾಗಿ ಬೆಳೆಸಿದ್ದು ಶಾಲಾ ಶಿಕ್ಷಕರಿಗಿಂತ ಹೆಚ್ಚಾಗಿ ಶಿಕ್ಷಕರನ್ನು ತಯಾರು ಮಾಡುವ ಪ್ರಾಧ್ಯಾಪಕರು. ಅವರಿಗೊಂದು ಮುಜುಗರ ಇತ್ತು: ಮಕ್ಕಳ ಜೊತೆ ಸಂವಾದ ಮಾಡಿ ಕಲಿಸಿ ಅಂತ ಎರಡು ಗಂಟೆ ಉಪನ್ಯಾಸ ಕೊಡುವುದು. 1993ರಲ್ಲಿ ಅಮೆರಿಕದ ಶಿಕ್ಷಣ ಸಂಶೋಧನಾ ಸಂಘದೊಳಗೆ ಇದಕ್ಕೊಂದು ಪ್ರತ್ಯೇಕ ಗುಂಪು ಹುಟ್ಟಿತು. 1996ರಲ್ಲಿ ಇಂಗ್ಲೆಂಡಿನ ಹರ್ಸ್ಟ್‌ಮಾನ್ಸೊ ಕೋಟೆಯಲ್ಲಿ ಮೊದಲ ಸಮ್ಮೇಳನ ನಡೆಯಿತು. 2004ರಲ್ಲಿ ಎರಡು ದಪ್ಪ ಸಂಪುಟಗಳ ಕೈಪಿಡಿಯೇ ಬಂತು. ಕೆನಡಾದ ಕ್ವೀನ್ಸ್ ವಿಶ್ವವಿದ್ಯಾಲಯದ ಟಾಮ್ ರಸೆಲ್ ಇವರಲ್ಲೊಬ್ಬರು. ಭೌತಶಾಸ್ತ್ರ ಹೇಗೆ ಕಲಿಸಬೇಕು ಅಂತ ಭಾವಿ ಶಿಕ್ಷಕರಿಗೆ ಹೇಳಿಕೊಡುತ್ತಿದ್ದ ಅವರು 1990ರ ದಶಕದ ಆರಂಭದಲ್ಲಿ ತಾವೇ ಹೈಸ್ಕೂಲಿಗೆ ಮರಳಿ ಭೌತಶಾಸ್ತ್ರ ಪಾಠ ಮಾಡಿದರು, ತಾನು ಹೇಳುವುದನ್ನು ತಾನು ಮಾಡಬಲ್ಲೆನೇ ಅಂತ ನೋಡಲಿಕ್ಕೆ.

ಇದು ಕ್ರಿಯಾ ಸಂಶೋಧನೆಯೇ ಅಲ್ಲವಾ ಅಂತ ಬಿ.ಎಡ್. ಮಾಡಿದ ಅಕ್ಕನೋ ಅಣ್ಣನೋ ಇರುವವರು ಕೇಳಬಹುದು. ನಮ್ಮ ಜಿಲ್ಲೆಯ ಶಿಕ್ಷಕರಿಗೆ ತರಬೇತಿ ಕೊಡುವ ಡಯಟ್ ಇರುವುದು ಟಿ.ಬಿ. ಡ್ಯಾಮಿನ ಪಕ್ಕದ ಮುನಿರಾಬಾದಿನಲ್ಲಿ. 1986ರ ರಾಷ್ಟ್ರೀಯ ಶಿಕ್ಷಣ ನೀತಿಯಿಂದ ಹುಟ್ಟಿದ ಈ ಸಂಸ್ಥೆಗಳಿಗೆ ವಹಿಸಿದ ಕೆಲಸಗಳಲ್ಲಿ ಕ್ರಿಯಾ ಸಂಶೋಧನೆಯೂ ಒಂದು. ಎರಡೂ ಹತ್ತಿರದ ನಂಟರು, ನಿಜ. ಸಮಸ್ಯೆ ಗುರುತಿಸು, ಏನಾದರೂ ಮಾಡು, ಫಲ ನೋಡು, ಮತ್ತೆ ಮಾಡು ಅನ್ನೋ ಸುತ್ತು ಎರಡರಲ್ಲೂ ಇದೆ. ವ್ಯತ್ಯಾಸ ಇರುವುದು ಪ್ರಶ್ನೆಯ ಕರ್ತೃ ಯಾರು ಅನ್ನುವುದರಲ್ಲಿ. ‘ಮಕ್ಕಳು ತ್ರಿಕೋನಮಿತಿಯಲ್ಲಿ ಯಾಕೆ ತಪ್ಪುತ್ತಾರೆ?’ ಇದು ಕ್ರಿಯಾ ಸಂಶೋಧನೆಯ ಪ್ರಶ್ನೆ ಆಗಬಹುದು. ‘ಮಗು ತಪ್ಪಿದಾಗ ನಾನು ಏನು ಮಾಡುತ್ತೇನೆ?’ ಇದು ಸ್ವ-ಅಧ್ಯಯನದ್ದು. ವಾಕ್ಯದಲ್ಲಿ ಸಣ್ಣ ಬದಲಾವಣೆ, ಆದರೆ ಎರಡನೆಯದನ್ನು ನೋಟ್‌ಬುಕ್ಕಿನಲ್ಲಿ ಬರೆಯುವಾಗ ಕೈ ತಡೆಯುತ್ತದೆ.

ತ್ರಿಕೋನಮಿತಿ ಅಂದದ್ದು ಸುಮ್ಮನೆ ಅಲ್ಲ. ಕುಷ್ಟಗಿಯವಳ ತರಗತಿಯಲ್ಲಿ ಆದದ್ದನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಉನ್ನತ ಕೋನದ ಲೆಕ್ಕಗಳಲ್ಲಿ ದೀಪಸ್ತಂಭ, ಹಡಗು ಬರುತ್ತವೆ. ಸಮುದ್ರ ಕಾಣದ ಮಕ್ಕಳಿಗೆ ದೀಪಸ್ತಂಭ ಯಾಕೆ ಅಂತ ಅವಳು ಊರಾಚೆಯ ಗಾಳಿಯಂತ್ರದ ಕಂಬವನ್ನು ತಂದಳು. ತರಗತಿಗೆ ಜೀವ ಬಂತು, ಮಕ್ಕಳು ನಕ್ಕರು, ಕಂಬದ ಎತ್ತರ ಊಹಿಸಿದರು. ನಮಗೂ ಖುಷಿ. ಆದರೆ ಶನಿವಾರದ ಹಾಳೆಯಲ್ಲಿ ತಪ್ಪು ಮೊದಲಿನದೇ. ಕೋನ ಕೆಳಗಿದ್ದರೆ ಸರಿ. ಅದೇ ತ್ರಿಭುಜದಲ್ಲಿ ಮೇಲಿನ ಕೋನದ ಟ್ಯಾನ್ ಕೇಳಿದರೆ ಹಳೆಯ ಉತ್ತರವನ್ನೇ ಬರೆದಿದ್ದರು. ಉದಾಹರಣೆ ಊರಿನದ್ದಾದರೆ ಅರ್ಥ ತಾನಾಗಿ ಬರುತ್ತದೆ ಅನ್ನೋ ನಮ್ಮ ನಂಬಿಕೆ ಅಲ್ಲಿಗೆ ಕುಸಿಯಿತು.

ಆಮೇಲೆ ಅವಳು ತನ್ನ ಬೋರ್ಡಿನ ಫೋಟೊಗಳನ್ನು ಸಾಲಾಗಿ ಇಟ್ಟು ನೋಡಿದಳು. ಎರಡು ವಾರದಲ್ಲಿ ಬರೆದ ಪ್ರತಿಯೊಂದು ತ್ರಿಭುಜವೂ ಒಂದೇ ಭಂಗಿ: ಲಂಬಕೋನ ಕೆಳಗೆ ಬಲಕ್ಕೆ, ಗುರುತಿಸಿದ ಕೋನ ಕೆಳಗೆ ಎಡಕ್ಕೆ. ಹಾಗಾಗಿ ಮಕ್ಕಳು ಕಲಿತದ್ದು ‘ಕೋನದ ಎದುರಿಗಿರುವುದು ಅಭಿಮುಖ ಬಾಹು’ ಅಂತಲ್ಲ, ‘ನಿಂತ ಗೆರೆ ಅಭಿಮುಖ, ಮಲಗಿದ ಗೆರೆ ಪಾರ್ಶ್ವ’ ಅಂತ. ಅವರು ತಪ್ಪಾಗಿ ಕಲಿತಿರಲಿಲ್ಲ. ಅವಳು ತೋರಿಸಿದ್ದನ್ನು ಸರಿಯಾಗಿಯೇ ಕಲಿತಿದ್ದರು. ಮರುದಿನ ರಟ್ಟಿನ ತ್ರಿಭುಜ ಕತ್ತರಿಸಿ, ತಿರುಗಿಸಿ ಮುರುಗಿಸಿ ಕೈಗೆ ಕೊಟ್ಟು, ಪ್ರತಿ ಮೂಲೆಯಲ್ಲೂ ಬೆರಳಿಟ್ಟು ಎದುರಿನ ಬಾಹು ಹುಡುಕಲು ಹೇಳಿದಳು. ಆಗ ಹಾಳೆಗಳು ಬದಲಾದವು. ಎಲ್ಲರವೂ ಅಲ್ಲ, ಆದರೆ ಬದಲಾದವು.

ಇಲ್ಲಿ ಹಾರ್ವರ್ಡಿನ ಎರಿಕ್ ಮಜೂರ್ ನೆನಪಾಗುತ್ತಾರೆ. ಪೀರ್ ಇನ್‌ಸ್ಟ್ರಕ್ಷನ್ ಅಂತ ಕೇಳಿರುತ್ತೀರಿ, ಪಕ್ಕದವರ ಜೊತೆ ಚರ್ಚಿಸಿ ಉತ್ತರ ಹೇಳುವ ಪದ್ಧತಿ; ಅದರ ಹಿಂದೆ ಇರುವುದು ಇಂಥದ್ದೇ ಒಂದು ಪೆಟ್ಟು. ಭೌತಶಾಸ್ತ್ರದ ಅವರ ಪಾಠಕ್ಕೆ ವಿದ್ಯಾರ್ಥಿಗಳಿಂದ ಒಳ್ಳೆಯ ಫೀಡ್‌ಬ್ಯಾಕೇ ಬರುತ್ತಿತ್ತು. 1990ರ ಹೊತ್ತಿಗೆ, ಬೇರೆಡೆ ವಿದ್ಯಾರ್ಥಿಗಳು ನ್ಯೂಟನ್ನನ ನಿಯಮಗಳ ಮೂಲ ಅರ್ಥದಲ್ಲೇ ಎಡವುತ್ತಿದ್ದಾರೆ ಅನ್ನೋ ಲೇಖನ ಓದಿ, ನನ್ನವರು ಹಾಗಲ್ಲ ಅಂತ ಅದೇ ಪರೀಕ್ಷೆಯನ್ನು ತಮ್ಮ ತರಗತಿಗೆ ಕೊಟ್ಟರು. ಭಾರದ ಲಾರಿ, ಹಗುರ ಕಾರು ಡಿಕ್ಕಿಯಾದರೆ ಯಾವುದರ ಮೇಲೆ ಹೆಚ್ಚು ಬಲ ಬೀಳುತ್ತದೆ ಅನ್ನುವಂಥ ಪ್ರಶ್ನೆಗಳು. ಕಠಿಣ ಲೆಕ್ಕ ಬಿಡಿಸುವವರೇ ಇಲ್ಲಿ ತಪ್ಪಿದರು. ಪ್ರಶ್ನೆ ಸರಿಯಿಲ್ಲ, ವಿದ್ಯಾರ್ಥಿಗಳು ಸರಿಯಿಲ್ಲ ಅಂತ ಬಿಡುವ ದಾರಿ ಅವರಿಗೂ ಇತ್ತು. ಅವರು ತಮ್ಮ ಉಪನ್ಯಾಸವನ್ನೇ ಅನುಮಾನಿಸಿದರು. ಅಂದಹಾಗೆ ಎರಡರ ಮೇಲೂ ಬಲ ಸಮ. ಈಗ ಪಕ್ಕದವರನ್ನು ಕೇಳಿ ನೋಡಿ.

ಇಷ್ಟೆಲ್ಲ ಓದಿ, ಡೈರಿ ಬರೆದು, ಆತ್ಮಾವಲೋಕನ ಮಾಡಿಕೊಂಡರೆ ಸಾಕಲ್ಲ, ಸಂಶೋಧನೆ ಅನ್ನೋ ದೊಡ್ಡ ಹೆಸರು ಯಾಕೆ? ಈ ವಿಧಾನದ ಮೇಲಿರುವ ಹಳೆಯ ಟೀಕೆಯೇ ಇದು: ಕನ್ನಡಿ ನೋಡಿಕೊಳ್ಳುವುದು ಸಂಶೋಧನೆಯಾ ಅಂತ. ಟೀಕೆಯಲ್ಲಿ ಹುರುಳಿದೆ. ಅಳೆಯುವ ಉಪಕರಣವೂ ಅಳತೆಗೆ ಒಳಗಾಗುವ ವಸ್ತುವೂ ಒಂದೇ ಆದರೆ ದೋಷ ಪತ್ತೆ ಮಾಡುವವರು ಯಾರು? ಲ್ಯಾಬಿನಲ್ಲಿ ಕ್ಯಾಲಿಬ್ರೇಷನ್ ಮಾಡುವಾಗ ಹೊರಗಿನ ಮಾನಕ ಒಂದು ಬೇಕೇ ಬೇಕು.

ಅದಕ್ಕೆ ಈ ಕ್ಷೇತ್ರದವರು ಕೊಡುವ ಉತ್ತರದಲ್ಲಿ ಮುಖ್ಯವಾದದ್ದು ‘ವಿಮರ್ಶಕ ಗೆಳೆಯ’. 2004ರ ಕೈಪಿಡಿಯಲ್ಲಿ ವಿಕಿ ಲಾಬೋಸ್ಕಿ ಸ್ವ-ಅಧ್ಯಯನದ ಲಕ್ಷಣಗಳನ್ನು ಹೇಳುವಾಗ, ಅದು ನಮ್ಮಿಂದಲೇ ಶುರುವಾಗಬೇಕು, ಸುಧಾರಣೆಗಾಗಿ ಇರಬೇಕು ಅನ್ನುವುದರ ಜೊತೆಗೆ ಅದು ಇನ್ನೊಬ್ಬರೊಡನೆ ಸೇರಿ ನಡೆಯಬೇಕು, ಒಂದೇ ಬಗೆಯ ಪುರಾವೆಯನ್ನು ನಂಬಬಾರದು, ಕೊನೆಗೆ ಬೇರೆಯವರು ಓದಿ ಪರೀಕ್ಷಿಸುವಂತೆ ಹೊರಗಿಡಬೇಕು ಅನ್ನುತ್ತಾರೆ. ಹೆಸರು ಸ್ವ-ಅಧ್ಯಯನ, ಆದರೆ ಒಬ್ಬರೇ ಮಾಡಲಾಗದ ಕೆಲಸ. ನಮ್ಮ ಭಾಷೆಯಲ್ಲಿ ಕೋಡ್ ರಿವ್ಯೂ. ಬರೆದವರ ಕಣ್ಣಿಗೆ ಕಾಣದ ಬಗ್ ಓದುವವರ ಕಣ್ಣಿಗೆ ಬೀಳುತ್ತದೆ. ಗೆಳೆಯ ಬೈಯಲೂಬಾರದು, ಹೊಗಳಲೂಬಾರದು. ಇಲ್ಲಿ ಏನಾಯ್ತು ಅಂತ ಕೇಳಬೇಕು.

ಆ ಪ್ರಶ್ನೆ ನಮ್ಮಲ್ಲಿ ಒಬ್ಬನಿಗೆ ಬಹಳ ಭಾರವಾಗಿ ಬಿತ್ತು. ನಾವು ಒಬ್ಬರ ರೆಕಾರ್ಡಿಂಗ್ ಇನ್ನೊಬ್ಬರು ಕೇಳುತ್ತಿದ್ದೆವು. ಯಲಬುರ್ಗಾದ ಫೈಲ್ ಗಂಗಾವತಿಯವನಿಗೆ ಹೋಗುತ್ತಿತ್ತು. ಮೂರನೇ ವಾರ ಅವನು ಮೆಸೇಜ್ ಹಾಕಿದ: ‘ಸೋಮವಾರ ಒಬ್ಬಾಕಿ ಪ್ರಶ್ನೆ ಕೇಳಿದ್ಲಲ್ಲ, ಆಕಿ ದನಿ ಆಮ್ಯಾಲೆ ಎಲ್ಲೂ ಇಲ್ಲ. ಯಾಕ?’ ಯಲಬುರ್ಗಾದವನಿಗೆ ಅಂಥ ಪ್ರಶ್ನೆ ಬಂದದ್ದೇ ನೆನಪಿರಲಿಲ್ಲ. ಹಳೆಯ ಫೈಲ್ ತೆಗೆದು ಕೇಳಿದ. ಒಂದು ಸಣ್ಣ ದನಿ, ‘ಸರ್, ಮೈನಸ್ ಯಾಕ ಪ್ಲಸ್ ಆತ್ರಿ?’ ಅದರ ಹಿಂದೆಯೇ ಅವನ ದನಿ, ‘ಏ, ಅದು ಸಿಂಪಲ್, ಎಂಟನೇತ್ತದ್ದು. ಮುಂದ ನೋಡ್ರಿ.’ ಯಾರೋ ಇಬ್ಬರು ನಕ್ಕ ಸದ್ದು. ಹಾಜರಿ ಪುಸ್ತಕ ನೋಡಿದರೆ ಮರುದಿನದಿಂದ ಅವಳು ಬಂದಿಲ್ಲ. ಹದಿನಾರು ಮಕ್ಕಳ ತರಗತಿಯಲ್ಲಿ ಒಬ್ಬಳು ಇಲ್ಲದ್ದು ಒಂದು ವಾರದ ಮೇಲೆ, ಅದೂ ಎಪ್ಪತ್ತು ಎಂಬತ್ತು ಕಿಲೋಮೀಟರ್ ಆಚೆ ಇಯರ್‌ಫೋನ್ ಹಾಕಿಕೊಂಡು ಕೂತವನಿಗೆ ಗೊತ್ತಾಗಬೇಕಾಯಿತು.

ಅವನು ಮನೆಗೆ ಹೋದ. ಅವಳು ಅವ್ವನ ಜೊತೆ ಹೊಲಕ್ಕೆ ಹೋಗುತ್ತಿದ್ದಳು. ಬಿತ್ತನೆಯ ಸಮಯ, ಆಳು ಸಿಗಲ್ಲ ಅಂದರು ಮನೆಯವರು. ಅದು ನಿಜವೇ ಇರಬಹುದು. ಅವಳು ಬಿಟ್ಟದ್ದು ನಮ್ಮ ಮಾತಿನಿಂದಲೇ ಅಂತ ಹೇಳಲು ನಮ್ಮಲ್ಲಿ ಪುರಾವೆ ಇಲ್ಲ. ಪುರಾವೆ ಇರುವುದು ಇಷ್ಟಕ್ಕೆ: ಕೇಳಿದಳು, ನಾವು ಉತ್ತರಿಸಲಿಲ್ಲ, ಮತ್ತೆ ಬರಲಿಲ್ಲ. ಸಂಜೆ ಹೊಲದಿಂದ ಬಂದ ಮೇಲೆ ಅರ್ಧ ಗಂಟೆ ಸಾಕು ಅಂತ ಅವನು ಸಮಯ ಬದಲಿಸಿದ. ಕೊನೆಯ ಹತ್ತು ದಿನ ಅವಳು ಬಂದಳು. ಮೊದಲ ದಿನ ಅವಳ ಮೈನಸ್ ಪ್ರಶ್ನೆಯಿಂದಲೇ ಪಾಠ ಶುರುವಾಯಿತು. ಸಾಲವನ್ನು ಕಳೆದರೆ ಕೈಯಲ್ಲಿ ದುಡ್ಡು ಹೆಚ್ಚಿದ ಹಾಗೆ ಅಂತ ಶುರು ಮಾಡಿ, ಸಂಖ್ಯಾರೇಖೆಯ ಮೇಲೆ ತಿರುಗಿ ನಡೆಯುವವರೆಗೆ ಪೂರ್ತಿ ಒಂದು ಸಂಜೆ ಹಿಡಿಯಿತು. ‘ಸಿಂಪಲ್’ ಅಂದದ್ದನ್ನು ವಿವರಿಸಲು ನಮಗೇ ಬರುತ್ತಿರಲಿಲ್ಲ ಅನ್ನೋದು ಅವತ್ತು ಗೊತ್ತಾಯಿತು. ಆ ಇಬ್ಬರು ನಕ್ಕವರಿಗೂ ಬರುತ್ತಿರಲಿಲ್ಲ.

ಒಂದು ಎಚ್ಚರಿಕೆಯನ್ನು ಹೇಳದಿದ್ದರೆ ತಪ್ಪಾಗುತ್ತದೆ. ಶಿಕ್ಷಕರು ತಮ್ಮನ್ನು ತಾವೇ ಪರೀಕ್ಷಿಸಿಕೊಳ್ಳಲಿ ಅಂದ ಕೂಡಲೇ, ಹಾಗಾದರೆ ಫಲಿತಾಂಶ ಕಡಿಮೆಯಾದದ್ದಕ್ಕೆಲ್ಲ ಶಿಕ್ಷಕರೇ ಕಾರಣ ಅಂತ ಮೇಲಿನವರು ಬರೆದುಕೊಂಡುಬಿಡಬಹುದು. ಕುಷ್ಟಗಿ, ಯಲಬುರ್ಗಾದ ಮಳೆಯಾಶ್ರಿತ ಹಳ್ಳಿಗಳಿಂದ ಕೆಲಸ ಹುಡುಕಿ ಗುಳೆ ಹೋಗುವ ಮನೆಗಳಿವೆ. ಮಗು ಶಾಲೆಯಲ್ಲೇ ಇಲ್ಲದಿದ್ದಾಗ ಶಿಕ್ಷಕಿ ಮೂರು ಸೆಕೆಂಡ್ ಕಾದು ಏನು ಪ್ರಯೋಜನ? ಗಣತಿ, ಚುನಾವಣೆ, ಬಿಸಿಯೂಟದ ಲೆಕ್ಕ ಅವರ ಹೆಗಲ ಮೇಲಿರುವಾಗ ಡೈರಿ ಬರೆಯಲು ಹೊತ್ತೆಲ್ಲಿ? ನಮಗೆ ಹದಿನಾರು ಮಕ್ಕಳು, ಒಂದೇ ವಿಷಯ, ರಜೆ. ಅವರ ಸ್ಥಿತಿಯನ್ನು ನಮ್ಮದರ ಜೊತೆ ಹೋಲಿಸುವುದೇ ಅನ್ಯಾಯ. ಸ್ವ-ಅಧ್ಯಯನ ಯಾರೋ ಆದೇಶಿಸಿ ಮಾಡಿಸುವ ಕೆಲಸವಲ್ಲ. ಆದೇಶ ಬಂದ ದಿನ ಅದು ಇನ್ನೊಂದು ರಿಜಿಸ್ಟರ್ ಆಗುತ್ತದೆ, ನಮ್ಮ ಫೀಡ್‌ಬ್ಯಾಕ್ ಫಾರ್ಮಿನ ಹಾಗೆ.

ಆದರೆ ಶಿಕ್ಷಕರೇ ಮುಂದೆ ಬಂದು ತಮ್ಮ ಪಾಠವನ್ನು ಬಿಚ್ಚಿ ನೋಡಿದಾಗ ಏನಾಗಬಹುದು ಅನ್ನುವುದಕ್ಕೆ ದೂರ ಹೋಗಬೇಕಿಲ್ಲ. ನಮ್ಮಲ್ಲಿ ಹಲವರು ಒಂದನೇ ತರಗತಿಯಲ್ಲಿ ಕೂತು ಕಲಿತ ನಲಿ-ಕಲಿ ಹುಟ್ಟಿದ್ದು 1995ರಲ್ಲಿ, ಮೈಸೂರು ಜಿಲ್ಲೆಯ ಎಚ್.ಡಿ. ಕೋಟೆಯಲ್ಲಿ. ಅಲ್ಲಿನ ಸರ್ಕಾರಿ ಶಾಲೆಯ ಶಿಕ್ಷಕರು ಆಂಧ್ರದ ರಿಷಿ ವ್ಯಾಲಿಗೆ ಹೋಗಿ, ಮಕ್ಕಳು ತಮ್ಮ ವೇಗದಲ್ಲಿ ಕಾರ್ಡುಗಳ ಮೂಲಕ ಕಲಿಯುವುದನ್ನು ನೋಡಿ ಬಂದು, ಪಠ್ಯವನ್ನು ತಾವೇ ಕೂತು ಸಣ್ಣ ಸಣ್ಣ ಮೆಟ್ಟಿಲಾಗಿ ಮರು ಬರೆದರು. 2009-10ರ ಹೊತ್ತಿಗೆ ಅದು ರಾಜ್ಯದ ಸರ್ಕಾರಿ ಕನ್ನಡ ಶಾಲೆಗಳಿಗೆಲ್ಲ ಹರಡಿತು. ಸ್ವ-ಅಧ್ಯಯನ ಅನ್ನೋ ಹಣೆಪಟ್ಟಿ ಅದಕ್ಕೆ ಇರಲಿಲ್ಲ. ಎಲ್ಲ ಮಕ್ಕಳೂ ಒಂದೇ ದಿನ ಒಂದೇ ಪುಟದಲ್ಲಿ ಇರಬೇಕು ಅನ್ನೋ ತಮ್ಮದೇ ಅಭ್ಯಾಸವನ್ನು ಅನುಮಾನಿಸಿದ್ದು ಮಾತ್ರ ಅದೇ ಜಾತಿಯದು.

ಇದನ್ನು ಓದುತ್ತಿರುವವರಲ್ಲಿ ಮೇಷ್ಟ್ರಾಗುವವರು ಕಡಿಮೆ ಇರಬಹುದು. ಆದರೆ ಪರೀಕ್ಷೆಯ ಹಿಂದಿನ ರಾತ್ರಿ ಹಾಸ್ಟೆಲಿನಲ್ಲಿ ಇಡೀ ರೂಮಿಗೆ ಒಂದು ಮಾಡ್ಯೂಲ್ ಹೇಳಿಕೊಡುವವರು ಪ್ರತಿ ಫ್ಲೋರಿನಲ್ಲೂ ಒಬ್ಬರಿದ್ದಾರೆ. ಜೂನಿಯರ್‌ಗಳಿಗೆ ವರ್ಕ್‌ಶಾಪ್ ಮಾಡುವ ಕ್ಲಬ್ಬುಗಳಿವೆ, ಟೆಕ್ನಿಕಲ್ ಸೆಮಿನಾರ್ ಎಲ್ಲರಿಗೂ ಇದೆ. ಮುಂದಿನ ಸಲ ಮೊಬೈಲನ್ನು ಮೇಜಿನ ಮೇಲೆ ಇಟ್ಟು ರೆಕಾರ್ಡ್ ಒತ್ತಿ, ಎದುರಿಗಿದ್ದವರನ್ನು ಕೇಳಿಯೇ ಒತ್ತಿ. ಕೇಳುವ ಮೊದಲು ಒಂದೇ ಒಂದು ಪ್ರಶ್ನೆ ಬರೆದುಕೊಳ್ಳಿ, ಕರ್ತೃ ‘ನಾನು’ ಇರುವ ಪ್ರಶ್ನೆ. ಎಲ್ಲವನ್ನೂ ಒಟ್ಟಿಗೆ ಸರಿಪಡಿಸಲು ಹೋದರೆ ಎರಡೇ ದಿನಕ್ಕೆ ಬೇಜಾರಾಗಿ ಬಿಡುತ್ತೀರಿ, ನಾವೂ ಮೊದಲು ಹಾಗೇ ಮಾಡಿದ್ದೆವು. ಆಮೇಲೆ ಫೈಲನ್ನು ಆ ವಿಷಯ ಗೊತ್ತಿಲ್ಲದ ಗೆಳೆಯನಿಗೆ ಕೊಡಿ.

ನಾವು ನಾಲ್ವರೂ ದಸರಾ ರಜೆಗೆ ಮತ್ತೆ ಊರಿಗೆ ಹೋಗುತ್ತಿದ್ದೇವೆ. ಕೊಪ್ಪಳದವಳ ಈ ಸಲದ ಪ್ರಶ್ನೆ: ಗೊತ್ತಿರುವ ಮಕ್ಕಳನ್ನೇ ನಾನು ಯಾಕೆ ಮತ್ತೆ ಮತ್ತೆ ಕೇಳುತ್ತೇನೆ? ಗಂಗಾವತಿಯವನದು: ನಾನು ಬೋರ್ಡಿನ ಕಡೆ ಮುಖ ಮಾಡಿ ಎಷ್ಟು ಹೊತ್ತು ಮಾತಾಡುತ್ತೇನೆ? ಕುಷ್ಟಗಿಯವಳು ಇನ್ನೂ ತ್ರಿಭುಜ ಬಿಟ್ಟಿಲ್ಲ. ಯಲಬುರ್ಗಾದವನು ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ‘ಸಿಂಪಲ್’ ಅಂತ ಬರೆದು ಅಡ್ಡ ಗೆರೆ ಎಳೆದಿದ್ದಾನೆ. ಎಷ್ಟು ಸಲ ಬಾಯಿಗೆ ಬರುತ್ತದೆ ಅಂತ ಎಣಿಸುವ ಕೆಲಸ ಗಂಗಾವತಿಯವನಿಗೆ.